ರೇರಿ ಕುರಿತ ನಿಮ್ಮ ಲೇಖನ: ತಿದ್ದಿ ಕಳಿಸಿದರೆ ಹಾಕುತ್ತೇವೆ

ನಮಸ್ಕಾರ,

ದಕ್ಷಿಣ ಪೆಸಿಫಿಕ್‌ನ ಬೋರಾ ಬೋರಾ ದ್ವೀಪದ ನಟಿ ರೇರಿಯ ಬಗ್ಗೆ ನೀವು ಕಳಿಸಿದ ‘ಹಾಲಿವುಡ್ ಆಳಿದ ದ್ವೀಪಕನ್ಯೆ’ ಓದಿದೆವು. ವಿಷಯ ಚೆನ್ನಾಗಿದೆ, ಆದರೆ ಈಗಿರುವ ಹಾಗೆ ಪ್ರಕಟಿಸಲು ಬರುವುದಿಲ್ಲ. ತಕರಾರು ಶೀರ್ಷಿಕೆಯಿಂದಲೇ ಶುರು. ಆಕೆ ಹಾಲಿವುಡ್ ಆಳಲಿಲ್ಲ. ಅಮೆರಿಕದ ಚಿತ್ರದಲ್ಲಿ ಆಕೆ ನಾಯಕಿಯಾದದ್ದು ಒಂದೇ ಸಲ, ಮುರ್ನೌ ನಿರ್ದೇಶನದ 1931ರ ‘ಟಾಬೂ’ವಿನಲ್ಲಿ. ಅದನ್ನು ತೆಗೆದದ್ದೂ ದ್ವೀಪಗಳಲ್ಲೇ, ಸ್ಟುಡಿಯೋದಲ್ಲಲ್ಲ.

ಸೂರ್ಯಾಸ್ತ, ತೆಂಗಿನ ಸಾಲು, ನೀಲಿ ಕಡಲು ಇರುವ ಮೊದಲ ಎರಡು ಪುಟ ಪೂರ್ತಿ ತೆಗೆಯಿರಿ. ಜಾನ್ ಫೋರ್ಡ್ ಅವರ 1937ರ ‘ದಿ ಹರಿಕೇನ್’ ಚಿತ್ರದ ಪಾತ್ರವರ್ಗದಿಂದ ಶುರುಮಾಡಿ. ಕಥೆ ದಕ್ಷಿಣ ಸಮುದ್ರದ ದ್ವೀಪದ್ದು. ನಾಯಕಿ ಮರಾಮಾ ಆಗಿ ನ್ಯೂ ಆರ್ಲಿಯನ್ಸ್‌ನ ಡೊರೊಥಿ ಲಾಮೂರ್, ನಾಯಕನಾಗಿ ಕ್ಯಾಲಿಫೋರ್ನಿಯಾದಲ್ಲಿ ಹುಟ್ಟಿದ ಜಾನ್ ಹಾಲ್. ಆರು ವರ್ಷದ ಹಿಂದೆ ನಾಯಕಿಯಾಗಿದ್ದ ರೇರಿಗೆ ಚಿಕ್ಕ ಪಾತ್ರ. ನಿಮ್ಮ ನಿಜವಾದ ಲೇಖನ ಇರುವುದು ಇಲ್ಲಿ. ನೀವೋ ಇದನ್ನು ಕೊನೆಯ ಪುಟದ ಒಂದು ಸಾಲಿನಲ್ಲಿ ಮುಗಿಸಿಬಿಟ್ಟಿದ್ದೀರಿ.

ಆಕೆ ಹಿಂದೆ ಸರಿದದ್ದಕ್ಕೆ ಇಂಗ್ಲಿಷ್ ಬಾರದ್ದೇ ಕಾರಣ ಎಂದಿದ್ದೀರಿ. ಅರ್ಧ ಒಪ್ಪಬಹುದು. ‘ಟಾಬೂ’ ಸಂಗೀತ ಮಾತ್ರ ಜೋಡಿಸಿದ ಮೂಕಿ. ನ್ಯೂಯಾರ್ಕಿನಲ್ಲಿ ಅದು ತೆರೆಕಂಡದ್ದು 1931ರ ಮಾರ್ಚ್ 18ರಂದು, ಅದಕ್ಕೆ ನಾಲ್ಕು ದಿನ ಮೊದಲು ಮುಂಬಯಿಯಲ್ಲಿ ‘ಆಲಂ ಆರಾ’ ಮಾತಾಡಲು ಶುರುಮಾಡಿಯಾಗಿತ್ತು. ಹೊತ್ತು ಮೀರಿದ ಮೇಲೆ ಬಂದ ಮೂಕಿ ಎನ್ನಿ. ಆದರೆ ನಿಮ್ಮ ಕಾರಣವೊಂದೇ ಸಾಲದು. ಹವಾಯಿಯ ನಟಿ ಮಾಮೋ ಕ್ಲಾರ್ಕ್‌ಗೆ ಇಂಗ್ಲಿಷ್ ಸಲೀಸಾಗಿತ್ತು. 1935ರ ‘ಮ್ಯೂಟಿನಿ ಆನ್ ದಿ ಬೌಂಟಿ’ಯಲ್ಲಿ ಕ್ಲಾರ್ಕ್ ಗೇಬಲ್‌ಗೆ ಜೋಡಿಯಾದವರು. ಅವರೂ ‘ಹರಿಕೇನ್’ನಲ್ಲಿದ್ದಾರೆ, ಅವರದ್ದೂ ಸಣ್ಣ ಪಾತ್ರವೇ. ಈ ಪ್ರಶ್ನೆ ಎದುರಿಸದೆ ಭಾಷೆಯ ಮೇಲೆ ಭಾರ ಹಾಕಿದರೆ ತಿಳಿದ ಓದುಗರು ನಂಬುವುದಿಲ್ಲ.

ಇನ್ನು ಅಭಿನಯ. ‘ಅದ್ಭುತ’, ‘ಮನಮೋಹಕ’, ‘ಅಮೋಘ’ ಎಲ್ಲ ಇದೆ, ಆಕೆ ತೆರೆಯ ಮೇಲೆ ಮಾಡಿದ್ದೇನು ಎಂಬುದು ಮಾತ್ರ ಇಲ್ಲ. ‘ಟಾಬೂ’ವಿನ ನೃತ್ಯದ ದೃಶ್ಯ ಮತ್ತೆ ನೋಡಿ. ದೇವರಿಗೆ ಮೀಸಲಾದವಳು ಎಂದು ಸಾರಿಯಾಗಿದೆ, ಎಲ್ಲರೂ ಸಂಭ್ರಮದಲ್ಲಿದ್ದಾರೆ, ಆಕೆ ಒಲ್ಲದ ಮನಸ್ಸಿನಿಂದ ಏಳುತ್ತಾಳೆ, ಮೈಯಲ್ಲಿ ಜೀವವಿಲ್ಲದ ಹಾಗೆ ಹೆಜ್ಜೆ ಹಾಕುತ್ತಾಳೆ. ಪ್ರಿಯಕರ ಮತಾಹಿ ನುಗ್ಗಿ ಬಂದು ಜೊತೆಗೂಡಿದ್ದೇ ಕುಣಿತದ ಲಯವೇ ಬದಲು. ಆಕೆಯನ್ನು ಕರೆದೊಯ್ಯಲು ಬಂದ ಮುದುಕ ಹಿಟು ತಡೆದು ನಿಲ್ಲಿಸುತ್ತಾನೆ. ಮಾತಿಲ್ಲದೆ ಇಷ್ಟು ಹೇಳಿದ ನಟಿಯ ಬಗ್ಗೆ ಹತ್ತು ಸಾಲು ಬರೆಯಿರಿ, ವಿಶೇಷಣಗಳೆಲ್ಲ ತಾವಾಗಿ ಉದುರುತ್ತವೆ.

ತಪ್ಪುಗಳು. ‘ಟಾಬೂ’ವಿನ ಪ್ರೀಮಿಯರ್‌ನಲ್ಲಿ ಮುರ್ನೌ ಆಕೆಯ ಕೈಹಿಡಿದು ಬಂದರು ಎಂದಿದ್ದೀರಿ. ಅದಕ್ಕೆ ಒಂದು ವಾರ ಮೊದಲೇ, ಮಾರ್ಚ್ 11ರಂದು, ಅವರು ಕಾರು ಅಪಘಾತದಲ್ಲಿ ತೀರಿಕೊಂಡಿದ್ದರು. ಆಸ್ಕರ್ ಬಂದದ್ದು ಛಾಯಾಗ್ರಾಹಕ ಫ್ಲಾಯ್ಡ್ ಕ್ರಾಸ್ಬಿಗೆ, ರೇರಿಗಲ್ಲ. ‘ಫ್ಲಾಹರ್ಟಿಯ ಸಾಕ್ಷ್ಯಚಿತ್ರ’ ಎಂಬ ಮಾತನ್ನು ಹೊಡೆದುಹಾಕಿ. ಇದು ಕಥಾಚಿತ್ರ, ಜೊತೆಗೂಡಿ ಶುರುಮಾಡಿದ್ದ ಸಾಕ್ಷ್ಯಚಿತ್ರಕಾರ ಫ್ಲಾಹರ್ಟಿ ಮುರ್ನೌ ಜೊತೆ ಹೊಂದದೆ ತಮ್ಮ ಪಾಲು ಮಾರಿ ಹೊರಬಿದ್ದರು. ಆಕೆಯ ಹೆಸರು ಆನ್ ಶೆವಾಲಿಯೆ. ‘ರೇರಿ’ ಪಾತ್ರದ ಹೆಸರು, ಆಮೇಲೆ ಅದೇ ತೆರೆಯ ಹೆಸರಾಯಿತು. ಇದನ್ನು ಮೊದಲ ಪ್ಯಾರಾದಲ್ಲೇ ಹೇಳಿಬಿಡಿ, ಇಲ್ಲವಾದರೆ ನಿಮ್ಮ ನಾಲ್ಕನೇ ಪುಟದಲ್ಲಾದಂತೆ ನಟಿಯ ಬದುಕು, ಪಾತ್ರದ ಕಥೆ ಕಲಸಿಹೋಗುತ್ತವೆ.

ಆಕೆ ಕಾಣಿಸಿಕೊಂಡ 1931ರ ಝೀಗ್‌ಫೆಲ್ಡ್ ಫಾಲೀಸ್ ಎಂಬ ನ್ಯೂಯಾರ್ಕಿನ ನೃತ್ಯ-ಸಂಗೀತ ಪ್ರದರ್ಶನಕ್ಕೆ ಒಂದು ಪ್ಯಾರಾ ಕೊಡಿ. 1934ರ ಪೋಲಿಷ್ ಚಿತ್ರ ‘ಚಾರ್ನಾ ಪೆರ್ವಾ’ಗೂ ಅಷ್ಟೇ ಜಾಗ ಬೇಕು, ಅಮೆರಿಕದಲ್ಲಿ ಮತ್ತೆ ಸಿಗದ ನಾಯಕಿ ಪಾತ್ರ ಅಲ್ಲಿ ಸಿಕ್ಕಿತು. ಆ ಚಿತ್ರದ ನಟ ಬೋದೋ ಜೊತೆಗಿನ ಪ್ರೇಮಕ್ಕೆ ಎರಡು ವಾಕ್ಯ ಧಾರಾಳ.

ಒಟ್ಟು 1,200 ಪದ ಮೀರದಿರಲಿ. ಫೋಟೋ ಎಲ್ಲಿಂದ ತೆಗೆದುಕೊಂಡಿರಿ, ಹಕ್ಕು ಯಾರದ್ದು ಎಂಬುದನ್ನೂ ಬರೆದು ಕಳಿಸಿ.

ಸಂಪಾದಕರು