ಹಳೆಯ ಫಿಲ್ಮುಗಳಲ್ಲಿ ಕಂಡ ಜಪಾನು

ಪ್ರಶ್ನೆ: ನೂರಕ್ಕೂ ಹೆಚ್ಚು ವರ್ಷ ಹಳೆಯದಾದ ಜಪಾನಿನ ಬೀದಿಗಳ ಚಿತ್ರವೊಂದನ್ನು ಮೊಬೈಲಿನಲ್ಲಿ ನೋಡಿದೆ. ಕಿಮೋನೊ ಉಟ್ಟ ಗಂಡಸರ ತಲೆಯ ಮೇಲೆ ವಿಲಾಯತಿ ಹ್ಯಾಟುಗಳಿದ್ದವು, ಎಲ್ಲರೂ ಓಡಿದಂತೆ ನಡೆಯುತ್ತಿದ್ದರು, ಚಿತ್ರಕ್ಕೆ ಬಣ್ಣವೂ ಇತ್ತು. ಇದರಲ್ಲಿ ನಿಜವೆಷ್ಟು ಎಂದು ದಯವಿಟ್ಟು ತಿಳಿಸುವಿರಾ?
– ಓದುಗರೊಬ್ಬರು, ಕುಮಟಾ

ಉತ್ತರ: ಉಡುಪು ನಿಜ, ವೇಗ ನಿಜವಲ್ಲ, ಬಣ್ಣ ಇಂದಿನವರ ಊಹೆ. ಕೈಯಿಂದ ತಿರುಗಿಸುವ ಅಂದಿನ ಕ್ಯಾಮೆರಾ ಸೆಕೆಂಡಿಗೆ ಸುಮಾರು 16 ಚಿತ್ರಗಳನ್ನು ಹಿಡಿಯುತ್ತಿತ್ತು. ಅದನ್ನೇ ಸೆಕೆಂಡಿಗೆ 24 ಚಿತ್ರಗಳ ವೇಗದಲ್ಲಿ ಓಡಿಸಿದರೆ ನಡಿಗೆ ಒಂದೂವರೆ ಪಟ್ಟು ಬಿರುಸಾಗುತ್ತದೆ. ಕೆಂಪನ್ನು ಅಂದಿನ ಫಿಲ್ಮು ಹೆಚ್ಚುಕಡಿಮೆ ಕಪ್ಪಾಗಿಯೇ ದಾಖಲಿಸುತ್ತಿದ್ದುದರಿಂದ, ಕಿಮೋನೊದ ಮೂಲ ಬಣ್ಣವನ್ನು ಯಾವ ಯಂತ್ರವೂ ಅದರಿಂದ ಹೊರತೆಗೆಯಲಾರದು.

ಹ್ಯಾಟಿನ ವಿಷಯ ಹೆಚ್ಚು ಸ್ವಾರಸ್ಯಕರ. ಜುಟ್ಟು ಕತ್ತರಿಸಲು ಸರ್ಕಾರ 1871ರಲ್ಲಿ ಅನುಮತಿಸಿತು, 1876ರಲ್ಲಿ ಸಮುರಾಯಿಗಳು ಕತ್ತಿ ಧರಿಸುವುದನ್ನು ನಿಷೇಧಿಸಿತು. ಸೈನಿಕರು, ಪೊಲೀಸರು ಪಾಶ್ಚಾತ್ಯ ಸಮವಸ್ತ್ರಕ್ಕೆ ಬದಲಾದರೂ, ಪೂರ್ತಿ ಸೂಟು ಹೊಲಿಸುವ ಶಕ್ತಿಯಿಲ್ಲದ ಸಾಮಾನ್ಯರಿಗೆ ಹೊಸ ಕಾಲವನ್ನು ಧರಿಸಲು ಒಂದು ಹ್ಯಾಟು ಸಾಕಾಗುತ್ತಿತ್ತು. ಶಿರಸಿ, ಕಾರವಾರದ ಹಳೆಯ ಮನೆಗಳ ಗೋಡೆಯ ಫೋಟೊಗಳಲ್ಲಿ ಕಚ್ಚೆಪಂಚೆಯ ಮೇಲೆ ಕರಿಕೋಟು ತೊಟ್ಟು ನಿಂತ ಹಿರಿಯರನ್ನು ಕಂಡವರಿಗೆ ಇದು ಅಪರಿಚಿತವೆನಿಸದು. ಹೆಂಗಸರಿಗೆ ಮಾತ್ರ ಈ ಸ್ವಾತಂತ್ರ್ಯ ದೊರೆಯಲಿಲ್ಲ. ಅವರು ಕೂದಲು ಮೊಟಕುಗೊಳಿಸುವುದನ್ನು ಟೋಕಿಯೊದಲ್ಲಿ 1872ರಲ್ಲಿ ನಿಷೇಧಿಸಲಾಯಿತು ಎಂಬುದು ನನಗೆ ಇಂದಿಗೂ ನೋವಿನ ಸಂಗತಿ.

ಚಿತ್ರದಲ್ಲಿ ಕಾಣುವ ಕೈರಿಕ್ಷಾವನ್ನು ಪುರಾತನ ಜಪಾನಿನದೆಂದು ಭಾವಿಸಬೇಡಿ. ಅದು ಟೋಕಿಯೊದ ಬೀದಿಗಿಳಿದದ್ದು 1870ರ ಸುಮಾರಿಗೆ. ಟೋಕಿಯೊದ ಶಿಂಬಾಶಿ ಮತ್ತು ಯೊಕೊಹಾಮಾ ಬಂದರಿನ ನಡುವಿನ ಮೊದಲ ರೈಲು 1872ರಲ್ಲಿ, ಕ್ಯೋಟೊದ ವಿದ್ಯುತ್ ಟ್ರಾಮು 1895ರಲ್ಲಿ ಓಡಿದವು. ಹೀಗಾಗಿ ಮನುಷ್ಯ ಎಳೆಯುವ ಗಾಡಿಯೂ ಉಗಿಬಂಡಿಯೂ ಒಂದೇ ತಲೆಮಾರಿನ ಹೊಸ ವಸ್ತುಗಳು.

ಕ್ಯಾಮೆರಾ ಯಾರ ಮನೆಯೊಳಗೆ ಹೋಯಿತೆಂಬುದನ್ನೂ ಕೇಳಬೇಕು. ಫ್ರಾನ್ಸಿನ ಲೂಮಿಯೇರ್ ಸಹೋದರರ ಚಲನಚಿತ್ರ ಯಂತ್ರವನ್ನು 1897ರಲ್ಲಿ ಜಪಾನಿಗೆ ತಂದವರು, ಅಲ್ಲಿನ ಲಿಯಾನ್ ನಗರದಲ್ಲಿ ಬಟ್ಟೆಗೆ ಬಣ್ಣ ಹಾಕುವುದನ್ನು ಕಲಿತಿದ್ದ ಕ್ಯೋಟೊದ ಇನಾಬಾಟಾ ಕಾಟ್ಸುತಾರೊ. ಲೂಮಿಯೇರರ ಛಾಯಾಗ್ರಾಹಕ ಕಾನ್‌ಸ್ಟಂಟ್ ಜಿರೆಲ್ ಚಿತ್ರಿಸಿದ ಕುಟುಂಬದ ಊಟದ ದೃಶ್ಯ ಇನಾಬಾಟಾ ಅವರ ಮನೆಯದೇ ಆದ್ದರಿಂದ, ಅದನ್ನು ಜಪಾನಿನ ಸಾಮಾನ್ಯರ ಊಟವೆಂದು ತಿಳಿಯುವುದು ಸರಿಯಲ್ಲ. ದುಡಿಯುವವರ ಬದುಕನ್ನು ನೋಡಬೇಕಿದ್ದರೆ, ಭತ್ತದ ಗದ್ದೆಗೆ ನೀರು ಹಾಯಿಸಲು ಕಾಲಿನಿಂದ ಚಕ್ರ ತುಳಿಯುವ ರೈತನನ್ನು ಅದೇ ಜಿರೆಲ್ ಚಿತ್ರಿಸಿದ ತುಣುಕನ್ನು ಹುಡುಕಿ ನೋಡಿ. ಅದು ಒಂದು ನಿಮಿಷಕ್ಕಿಂತ ಚಿಕ್ಕದು.