ಪ್ರತಿಕ್ರಿಯೆ: 'ಜೈಗೊಡ್ಯಾಕ್ಟೈಲ್' ಎಂದರೆ ಬೆರಳು ಅಂಟಿಕೊಂಡಿರುವುದೇ?

ಕೆಂಬೂತದ ವಿವರಣೆಯಲ್ಲಿ ಈ ಪದ ಕಂಡು, ಹಕ್ಕಿಯ ಬೆರಳುಗಳು ಕೂಡಿಕೊಂಡಿವೆಯೇ ಎಂದು ಕೇಳಿದ್ದೀರಿ. ಇಲ್ಲ, ನಾಲ್ಕೂ ಬಿಡಿಯಾಗಿಯೇ ಇರುತ್ತವೆ. ಗ್ರೀಕಿನಲ್ಲಿ 'ಜೈಗಾನ್' ಎಂದರೆ ನೊಗ, 'ಡ್ಯಾಕ್ಟಿಲೋಸ್' ಎಂದರೆ ಬೆರಳು. ನೊಗಕ್ಕೆ ಕಟ್ಟಿದ ಎತ್ತುಗಳ ಹಾಗೆ ಬೆರಳುಗಳು ಜೋಡಿ ಜೋಡಿಯಾಗಿವೆ ಎಂಬುದಷ್ಟೇ ಅರ್ಥ.

ಕಾಗೆ, ಗುಬ್ಬಿಗಳಿಗೆ ಮೂರು ಬೆರಳು ಮುಂದೆ, ಒಂದು ಹಿಂದೆ. ಆ ಹಿಂಬೆರಳೇ 1ನೆಯದು; ಮುಂದಿನವು ಒಳಗಿನಿಂದ ಹೊರಕ್ಕೆ 2, 3, 4. ಕೆಂಬೂತ, ಕೋಗಿಲೆ, ಗಿಳಿ, ಮರಕುಟಿಗಗಳಿಗೆ 2 ಮತ್ತು 3ನೆಯ ಬೆರಳು ಮುಂದೆ, 1 ಮತ್ತು 4ನೆಯದು ಹಿಂದೆ. ಕೆಂಬೂತ ನೆಲದ ಮೇಲೆ ಓಡಾಡುವ ಹಕ್ಕಿಯಾದ್ದರಿಂದ ಇದನ್ನು ನೀವೇ ನೋಡಬಹುದು: ಹಸಿಮಣ್ಣಿನಲ್ಲಿ ಅದರ ಹೆಜ್ಜೆ ಹೆಚ್ಚುಕಡಿಮೆ ಗುಣಾಕಾರದ ಗುರುತಿನಂತೆ ಮೂಡುತ್ತದೆ. ಗಿಳಿ ಕಾಯನ್ನು ಒಂದೇ ಕಾಲಲ್ಲಿ ಅಷ್ಟು ಭದ್ರವಾಗಿ ಹಿಡಿಯುವುದಕ್ಕೂ ಈ ಜೋಡಣೆ ನೆರವಾಗುತ್ತದೆ. ಗೂಬೆಯದು ಇನ್ನೂ ಸೊಗಸು. ಹೊರಬೆರಳನ್ನು ಬೇಕೆಂದಾಗ ಹಿಂದಕ್ಕೆ ತಿರುಗಿಸಿಕೊಳ್ಳುತ್ತದೆ.

ಹಕ್ಕಿಗಳಾಚೆಗೂ ಪದ ಬಳಕೆಯಲ್ಲಿದೆ. ಊಸರವಳ್ಳಿಯ ಪಾದವನ್ನು ಹೀಗೆ ಕರೆಯುವುದುಂಟು. ಅದರ ಐದು ಬೆರಳುಗಳು ಎರಡು, ಮೂರರ ಕಟ್ಟುಗಳಾಗಿ ಇಕ್ಕಳದಂತೆ ಕೊಂಬೆ ಕಚ್ಚುತ್ತವೆ. ಅಲ್ಲಿ ಮಾತ್ರ ಕಟ್ಟಿನೊಳಗಿನ ಬೆರಳುಗಳು ನಿಜಕ್ಕೂ ಕೂಡಿಕೊಂಡಿರುತ್ತವೆ. ನಿಮ್ಮ ಅನುಮಾನಕ್ಕೆ ವೈದ್ಯಶಾಸ್ತ್ರದಲ್ಲೂ ಆಧಾರವಿದೆ: ಮನುಷ್ಯರ ಕಾಲಿನ 2 ಮತ್ತು 3ನೆಯ ಬೆರಳುಗಳು ಹುಟ್ಟಿನಿಂದಲೇ ಚರ್ಮದಿಂದ ಕೂಡಿದ್ದರೆ 'ಜೈಗೊಡ್ಯಾಕ್ಟಿಲಿ' ಎನ್ನುತ್ತಾರೆ.

ಪಶ್ಚಿಮ ಘಟ್ಟದ ಹಕ್ಕಿ ಮಲಬಾರ್ ಟ್ರೋಗನ್‌ಗೆ ಮಾತ್ರ ಈ ಪದ ಹಚ್ಚಬೇಡಿ. ಅದಕ್ಕೂ ಎರಡು ಮುಂದೆ, ಎರಡು ಹಿಂದೆ. ಆದರೆ ಹಿಂದಿರುವುದು 1 ಮತ್ತು 2ನೆಯ ಬೆರಳು. ಅದನ್ನು 'ಹೆಟೆರೊಡ್ಯಾಕ್ಟೈಲ್' ಎನ್ನುತ್ತಾರೆ.