ಹೀರೊ ಅಲ್ಲದವನಿಗೆ ಇಡೀ ಪುಟವೇ?

ಶಿವಮೊಗ್ಗದ ಓದುಗರೊಬ್ಬರ ಪತ್ರ: "ಕಳೆದ ಸಂಚಿಕೆಯ ಜೆಕ್ ಸಿನಿಮಾ ಲೇಖನ ಓದಿದೆ. ನಿರ್ದೇಶಕ ಮಿಲೋಶ್ ಫೋರ್ಮನ್‌ಗೆ ನಾಲ್ಕೇ ಸಾಲು, ವ್ಲಾದಿಮೀರ್ ಮೆನ್ಶಿಕ್ ಎಂಬ ಪೋಷಕ ನಟನಿಗೆ ಇಡೀ ಪುಟ! ಹೀರೊ ಕೂಡ ಅಲ್ಲದ ಆತನಿಂದ ನಮಗೇನಾಗಬೇಕು? ಆ ಜಾಗದಲ್ಲಿ ನಮ್ಮ ನರಸಿಂಹರಾಜು ಬಗ್ಗೆ ಬರೆಯಬಹುದಿತ್ತು."

ಸಂಪಾದಕರ ಉತ್ತರ: ನರಸಿಂಹರಾಜು ವಿಷಯದಲ್ಲಿ ನಿಮ್ಮ ಮಾತು ಒಪ್ಪಿದೆ. ಫೋರ್ಮನ್ ದೊಡ್ಡವರು ಅನ್ನೋದೂ ನಿಜ. ಎರಡು ಆಸ್ಕರ್ ಗೆದ್ದವರ ಬಗ್ಗೆ ನನ್ನದೇನು ತಕರಾರು? ಆದರೆ "ನಮಗೇನಾಗಬೇಕು" ಅಂದಿರಲ್ಲ, ಅಲ್ಲಿ ಸ್ವಲ್ಪ ಉರಿಯಿತು.

ಫೋರ್ಮನ್ ಅವರ 1965ರ 'ಲವ್ಸ್ ಆಫ್ ಎ ಬ್ಲಾಂಡ್' ನೋಡಿದ್ದೀರಾ? ಡಾನ್ಸ್ ಹಾಲ್‌ನಲ್ಲಿ ಮೂವರು ಮಧ್ಯವಯಸ್ಸಿನ ಸೈನಿಕರು ಕೂತಿದ್ದಾರೆ. ಎದುರಿನ ಹುಡುಗಿಯರಿಗೆ ಒಂದು ಬಾಟಲಿ ವೈನ್ ಕಳಿಸುತ್ತಾರೆ. ವೇಟರ್ ಅದನ್ನು ಬೇರೆ ಟೇಬಲ್ಲಿಗೆ ಕೊಟ್ಟುಬಿಡುತ್ತಾನೆ. ಈಗ ಕೊಟ್ಟಿದ್ದನ್ನು ವಾಪಸ್ ಇಸಿದುಕೊಳ್ಳಬೇಕು, ಮಾನವೂ ಉಳಿಯಬೇಕು! ಆ ಮೂವರಲ್ಲಿ ಒಬ್ಬರು ಮೆನ್ಶಿಕ್. ಚಿತ್ರದಲ್ಲಿ ಬಹಳಷ್ಟು ಜನ ನಟನೆ ಗೊತ್ತಿಲ್ಲದವರು. ಅವರ ನಡುವೆ ಕೂತ ಈ ಪಳಗಿದ ನಟ ಎಲ್ಲೂ ನಟ ಅನ್ನಿಸುವುದಿಲ್ಲ. ಅದು ಸುಮ್ನೆ ಬರುವ ವಿದ್ಯೆ ಅಲ್ಲ ಸ್ವಾಮಿ.

ಮೆನ್ಶಿಕ್ ಹುಟ್ಟಿದ್ದು 1929ರಲ್ಲಿ, ಜೆಕ್ ನಾಡಿನ ಮೊರಾವಿಯಾ ಪ್ರಾಂತ್ಯದ ಇವಾನ್ಚಿತ್ಸೆ ಎಂಬ ಸಣ್ಣ ಊರಲ್ಲಿ. ಚಿತ್ರಕಾರ ಅಲ್ಫೋನ್ಸ್ ಮುಖಾ ಊರೂ ಅದೇ. ಬರ್ನೊದ ಬಂದೂಕು ಕಾರ್ಖಾನೆಯಲ್ಲಿ ದುಡಿದು, ನಾಟಕ ಕಲಿತು, ಪ್ರಾಗ್ ಸೇರಿದರು. 1958ರಿಂದ ಅಲ್ಲಿನ ಬಾರಂದೋವ್ ಸಿನಿಮಾ ಸ್ಟುಡಿಯೊದ ಸಂಬಳದ ನಟ. ಸಣ್ಣ ಪಾತ್ರದವನಿಗೂ ತಿಂಗಳಾದರೆ ಸಂಬಳ! ನಮ್ಮಲ್ಲಿ ಎಷ್ಟೋ ಪೋಷಕ ನಟರಿಗೆ ಶೂಟಿಂಗ್ ಇದ್ದ ದಿನವೇ ಅನ್ನ.

1968ರಲ್ಲಿ ಜೆಕೊಸ್ಲೊವಾಕಿಯಾಕ್ಕೆ ಸೋವಿಯತ್ ಟ್ಯಾಂಕುಗಳು ನುಗ್ಗಿದವು. ಫೋರ್ಮನ್ ಅಮೆರಿಕದ ಪಾಲಾದರು. ಮೆನ್ಶಿಕ್ ಕಳ್ಳನ ಪಾತ್ರ ಮಾಡಿದ್ದ 'ಆಲ್ ಮೈ ಗುಡ್ ಕಂಟ್ರಿಮೆನ್' ಚಿತ್ರಕ್ಕೆ ವೋಯ್ತ್ಯೆಖ್ ಯಾಸ್ನಿ 1969ರಲ್ಲಿ ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ನಿರ್ದೇಶಕ ಪ್ರಶಸ್ತಿ ಪಡೆದರು. ತಮ್ಮ ದೇಶದಲ್ಲೇ ಆ ಚಿತ್ರಕ್ಕೆ ನಿಷೇಧ ಬಿತ್ತು, ಯಾಸ್ನಿಯೂ ದೇಶ ಬಿಟ್ಟರು. ನಮ್ಮ ಸಿನಿಮಾ ಚರಿತ್ರೆ ಹೀಗೆ ದೇಶ ಬಿಟ್ಟವರ ಸಾಮಾನಿನ ಜೊತೆ ತಾನೂ ವಿಮಾನ ಹತ್ತಿಬಿಡುತ್ತದೆ. ಉಳಿದವರ ಕಥೆ ಯಾರು ಬರೆಯಬೇಕು?

ಉಳಿದ ಮೆನ್ಶಿಕ್ 1973ರಲ್ಲಿ 'ಥ್ರೀ ವಿಶಸ್ ಫಾರ್ ಸಿಂಡರೆಲ್ಲಾ' ಚಿತ್ರದಲ್ಲಿ ಮನೆಯಾಳು ವಿನ್ಸೆಕ್ ಆದರು. ಜಾರುಬಂಡಿಯಲ್ಲಿ ನಿದ್ದೆಹೋದ ಅವನ ಮೂಗಿನ ಮೇಲೆ ರಾಜಕುಮಾರನ ಬಾಣಕ್ಕೆ ಸಿಕ್ಕ ಹಕ್ಕಿಗೂಡು ದೊಪ್ಪನೆ ಬೀಳುತ್ತದೆ. ಅದರಲ್ಲಿ ಮೂರು ಮಾಯದ ಕಾಯಿ. ಪೂರ್ತಿ ಕಥೆ ನಿಂತಿರುವುದೇ ಆ ಮೂರು ಕಾಯಿಯ ಮೇಲೆ. ಅಂದರೆ ನಿಮ್ಮ 'ಹೀರೊ ಅಲ್ಲದವನ' ಮೂಗಿನ ಮೇಲೆ! ಚಿತ್ರಕಥೆ ಬರೆದ ಪಾವ್ಲೀಚೆಕ್ ಮೇಲೂ ಆಗ ನಿಷೇಧವಿತ್ತು. ತೆರೆಯ ಮೇಲೆ ಬಂದಿದ್ದು ಬೇರೆಯವರ ಹೆಸರು. ನಾರ್ವೆಯಲ್ಲಿ ಈ ಚಿತ್ರ ಪ್ರತಿ ಕ್ರಿಸ್‌ಮಸ್‌ಗೆ ಟಿವಿಯಲ್ಲಿ ಬರುತ್ತದೆ. ಅಲ್ಲಿ ಗಂಡು, ಹೆಣ್ಣು ಎಲ್ಲ ಪಾತ್ರದ ಮಾತನ್ನೂ ಒಬ್ಬನೇ ಗಂಡಸು ಓದುತ್ತಾನೆ. ದನಿ ತನ್ನದಲ್ಲದಿದ್ದರೂ ಮೆನ್ಶಿಕ್ ಮುಖ ಮಾತ್ರ ಅಲ್ಲಿನ ಮಕ್ಕಳಿಗೆ ಗೊತ್ತು.

ಜೆಕ್ ಮನೆಗಳಲ್ಲಂತೂ ಡಿಸೆಂಬರ್ 31ರ ರಾತ್ರಿ ಅಂದ್ರೆ ಟಿವಿಯಲ್ಲಿ ಇವರು. ಕಥೆ ಹೇಳೋದು, ನಗಿಸೋದು, ತಾವೇ ಕಣ್ಣೀರು ಹಾಕೋದು. ಒಳಗೆ ಆಸ್ತಮಾ ಹಿಂಡುತ್ತಿತ್ತು. ನೂರೈವತ್ತಕ್ಕೂ ಜಾಸ್ತಿ ಚಿತ್ರ, ಟಿವಿ ಪಾತ್ರ ಮಾಡಿ 1988ರ ಮೇನಲ್ಲಿ, 58ಕ್ಕೇ ಹೋದರು. ಇನ್ನೊಂದೂವರೆ ವರ್ಷ ಇದ್ದಿದ್ದರೆ ಆ ಕಮ್ಯುನಿಸ್ಟ್ ಸರ್ಕಾರ ಬಿದ್ದಿದ್ದನ್ನೂ ನೋಡುತ್ತಿದ್ದರು.

ನಮ್ಮ ಚಿತ್ರೋತ್ಸವಗಳ ಕೈಪಿಡಿ ತೆಗೆದು ನೋಡಿ. ನಿರ್ದೇಶಕರ ಫೋಟೊ, ಇಬ್ಬರು ತಾರೆಯರ ಹೆಸರು, ಮುಗೀತು. ಆರನೇ ಹೆಸರು ಬರುವಷ್ಟರಲ್ಲಿ ಜನ ಎದ್ದು ಕಾಫಿಗೆ ಹೊರಟಿರುತ್ತಾರೆ. ಸಂವಾದದಲ್ಲಿ ಕೇಳುವ ಪ್ರಶ್ನೆಯೋ, ಕ್ಯಾಮೆರಾ ಯಾವುದು ಅಂತ!

ಪತ್ರ ಚೆನ್ನಾಗಿ ಬರೆದಿದ್ದೀರಿ, ಕೈ ಓಡುತ್ತದೆ. ನರಸಿಂಹರಾಜು ಬಗ್ಗೆ ನೀವೇ ಬರೆದು ಕಳಿಸಿ. ಬೇಗ ಕಳಿಸಿ ಮಾರಾಯರೆ, ಜಾಹೀರಾತು ಬಂದರೆ ಮೊದಲು ಕತ್ತರಿ ಬೀಳೋದು ಸಿನಿಮಾ ಪುಟಕ್ಕೇ.